ಮಂತ್ರಿಗಳ ಎದುರು ರಾಬಿನ್ ಡೇ

ಪ್ರಶ್ನೆ: ರಾಜಕಾರಣಿಗಳನ್ನು ಪಟ್ಟುಹಿಡಿದು ಪ್ರಶ್ನಿಸುವ ಕ್ರಮವನ್ನು ಬ್ರಿಟನ್ನಿನ ಟಿ.ವಿ.ಯಲ್ಲಿ ರೂಢಿಗೆ ತಂದವರು ರಾಬಿನ್ ಡೇ ಎನ್ನುತ್ತಾರೆ. ಅವರ ವೃತ್ತಿಜೀವನದ ಬಗ್ಗೆ ತಿಳಿಸುವಿರಾ?

ಉತ್ತರ: 1923ರಲ್ಲಿ ಲಂಡನ್ನಿನಲ್ಲಿ ಜನಿಸಿದ ಡೇ, ಆಕ್ಸ್‌ಫರ್ಡ್‌ನಲ್ಲಿ ಕಾನೂನು ಓದಿ, ಕೆಲಕಾಲ ಬ್ಯಾರಿಸ್ಟರ್ ಆಗಿದ್ದು, 1955ರಲ್ಲಿ ಹೊಸದಾಗಿ ಆರಂಭವಾದ ಐಟಿಎನ್ ಸುದ್ದಿಸಂಸ್ಥೆಯನ್ನು ಸೇರಿದರು. ಮುಂದಿನ ಹದಿನಾಲ್ಕು ದಿನಗಳಲ್ಲಿ ಸಂಸತ್ತಿನ ಮುಂದೆ ಬರಲಿರುವ ವಿಷಯವನ್ನು ಪ್ರಸಾರದಲ್ಲಿ ಚರ್ಚಿಸಲೇಬಾರದೆಂಬ ನಿಯಮವಿದ್ದ ಕಾಲವದು. ಮಂತ್ರಿಗಳ ಸಂದರ್ಶನವೆಂದರೆ ವಿನಯದ ಉಪಚಾರವಾಗಿತ್ತು. ಅಂಥಲ್ಲಿ ಅವರು ನ್ಯಾಯಾಲಯದ ಪಾಟೀಸವಾಲನ್ನೇ ಸ್ಟುಡಿಯೋಗೆ ತಂದರು. ಬ್ರಿಟನ್ ಈಜಿಪ್ಟಿನ ಮೇಲೆ ನಡೆಸಿದ್ದ ಸೂಯೆಜ್ ಯುದ್ಧದ ಬಿಸಿ ಆರುವ ಮೊದಲೇ, 1957ರಲ್ಲಿ, ಈಜಿಪ್ಟಿನ ಅಧ್ಯಕ್ಷ ನಾಸೆರ್ ಅವರನ್ನು ಸಂದರ್ಶಿಸಿದರು. ಮರುವರ್ಷ ಪ್ರಧಾನಿ ಮ್ಯಾಕ್‌ಮಿಲನ್ ಅವರನ್ನು ನೇರವಾಗಿ ಪ್ರಶ್ನಿಸಿದರು. 1959ರಲ್ಲಿ ಲಿಬರಲ್ ಪಕ್ಷದಿಂದ ಚುನಾವಣೆಗೆ ನಿಂತು ಸೋತ ಮೇಲೆ ಬಿಬಿಸಿಯ ಪ್ರಚಲಿತ ವಿದ್ಯಮಾನಗಳ ಕಾರ್ಯಕ್ರಮ ‘ಪನೋರಮಾ’ ಅವರ ನೆಲೆಯಾಯಿತು.

ಹೆಚ್ಚು ನೆನಪಾಗುವುದು 1982ರ ಪ್ರಸಂಗ. ಮುಂದಿನ ಚುನಾವಣೆಗೆ ನಿಲ್ಲುವುದಿಲ್ಲವೆಂದು ಹೇಳಿದ್ದ ರಕ್ಷಣಾ ಮಂತ್ರಿ ಜಾನ್ ನಾಟ್ ಅವರನ್ನು, ನೌಕಾಪಡೆಯ ಕಡಿತದ ವಿಷಯದಲ್ಲಿ, ‘ಇಂದು ಇದ್ದು ನಾಳೆ ಹೋಗುವ ರಾಜಕಾರಣಿಯ ಮಾತನ್ನು ಜನ ಏಕೆ ನಂಬಬೇಕು’ ಎಂಬರ್ಥದಲ್ಲಿ ಡೇ ಕೇಳಿದರು. ನಾಟ್ ಎದ್ದು ನಿಂತು, ಅಂಗಿಗೆ ಸಿಕ್ಕಿಸಿದ್ದ ಮೈಕನ್ನು ಕಳಚಿಟ್ಟು ಹೊರನಡೆದರು. ಪ್ರಶ್ನೆ ಕಟುವಾಗಿತ್ತು ನಿಜ, ಆದರೆ ಕೇಳಲೇಬೇಕಾದದ್ದೆಂದು ನನ್ನ ಅಭಿಪ್ರಾಯ. (ಮುಂದೆ ನಾಟ್ ತಮ್ಮ ಆತ್ಮಕಥೆಗೆ ಅದೇ ಮಾತನ್ನು ಶೀರ್ಷಿಕೆಯಾಗಿಸಿದರು.)

ಸಾಮಾನ್ಯ ಪ್ರೇಕ್ಷಕರೇ ನಾಯಕರನ್ನು ಪ್ರಶ್ನಿಸುವ ‘ಕ್ವೆಶ್ಚನ್ ಟೈಮ್’ ಕಾರ್ಯಕ್ರಮವನ್ನು 1979ರಿಂದ 1989ರವರೆಗೆ ನಡೆಸಿಕೊಟ್ಟವರೂ ಅವರೇ. 1981ರಲ್ಲಿ ಅವರಿಗೆ ‘ಸರ್’ ಪದವಿ ಸಂದಿತು, 2000ದಲ್ಲಿ ನಿಧನರಾದರು.