ಪ್ರೊ ಆಟಗಾರರ ಕೋಡ್ ಹಾಕಿದರೂ ಕ್ರಾಸ್‌ಹೇರ್ ಯಾಕೆ ಕಾಣಲ್ಲ?

ಬ್ರೋ, ನಿಮ್ಮ ಪ್ರಶ್ನೆ ನೋಡಿದೆ. ವ್ಯಾಲೊರಂಟ್ ಅನ್ನೋ ಶೂಟಿಂಗ್ ಆಟದಲ್ಲಿ, ಪ್ರೊ ಆಟಗಾರನಾಗಿ ಹೆಸರು ಮಾಡಿದ ಟೆನ್‌ಝೀ ಅವರ ಕ್ರಾಸ್‌ಹೇರ್ (ಪರದೆ ಮಧ್ಯದ ಗುರಿಯ ಗುರುತು) ಕೋಡ್ ಹಾಕಿಕೊಂಡಿದ್ದೀರಿ. ಬ್ರೀಜ್ ಮ್ಯಾಪ್‌ಗೆ ಹೋದರೆ ಅದು ಕಣ್ಣಿಗೇ ಬೀಳ್ತಿಲ್ಲ. ಸ್ಪ್ರೇ ಮಾಡಿದರೆ, ಅಂದರೆ ಟ್ರಿಗರ್ ಬಿಡದೆ ಹೊಡೆದರೆ, ಗುಂಡು ಎಲ್ಲೋ ಹೋಗುತ್ತದೆ. ಡಾಟ್ ಇಡಬೇಕಾ, ಪ್ಲಸ್ ಇಡಬೇಕಾ ಅನ್ನೋದು ಇನ್ನೊಂದು ಗೊಂದಲ. ಗೆಳೆಯ ಆಡುವ ಸಿಎಸ್2 (ಕೌಂಟರ್-ಸ್ಟ್ರೈಕ್ 2) ಆಟದ ಕ್ರಾಸ್‌ಹೇರ್ ಇಲ್ಲಿಗೆ ತರಬಹುದಾ ಅಂತಲೂ ಕೇಳಿದ್ದೀರಿ. ಒಬ್ಬರು ಆಗಲೇ "ಡಾಟ್ ಇಡಿ, ಮುಗೀತು" ಅಂದಿದ್ದಾರೆ. ಅವರಿಗೆ ಡಾಟ್ ಒಗ್ಗಿರಬಹುದು, ಆದರೆ ನಿಮ್ಮ ತೊಂದರೆ ಬೇರೆ.

ಮೊದಲು ನೀವು ಹಾಕಿರುವ ಕೋಡ್, ಅಂದರೆ ಸೆಟ್ಟಿಂಗ್‌ಗಳನ್ನು ಹೇಳುವ ಅಕ್ಷರ, ಅಂಕಿಗಳ ಸಾಲು ನೋಡೋಣ. ಟೆನ್‌ಝೀ ಹೆಸರಲ್ಲಿ ಓಡಾಡುವ ಕೋಡ್‌ಗಳಲ್ಲಿ ಎಲ್ಲರೂ ಹಂಚಿಕೊಳ್ಳೋದು ಸಯಾನ್ ಬಣ್ಣದ ಪುಟ್ಟ ಪ್ಲಸ್. ಆ ಕೋಡನ್ನು ಸುಮ್ನೆ ಪೇಸ್ಟ್ ಮಾಡುವ ಬದಲು ಒಂದು ಸಲ ಓದಿ ನೋಡಿ, ಅರ್ಥ ಆಗುತ್ತದೆ. ಸಣ್ಣ 'ಸಿ' ಅಕ್ಷರದ ಮುಂದೆ 5 ಇದ್ದರೆ ಸಯಾನ್, 1 ಇದ್ದರೆ ಹಸಿರು, 7 ಇದ್ದರೆ ಕೆಂಪು. 'ಎಚ್' ಮುಂದೆ 0 ಇದ್ದರೆ ಔಟ್‌ಲೈನ್ (ಗೆರೆಯ ಸುತ್ತಲಿನ ಅಂಚು) ಆಫ್ ಅಂತ. ಸೊನ್ನೆ ಮತ್ತು 'ಎಲ್' ಜೊತೆಗಿದ್ದು ಮುಂದೆ 4 ಬಂದರೆ ಒಳಗಿನ ಗೆರೆಯ ಉದ್ದ 4. ಅಂದರೆ ನಿಮ್ಮ ಹತ್ತಿರ ಇರೋದು ಔಟ್‌ಲೈನೇ ಇಲ್ಲದ ತಿಳಿನೀಲಿ ಗೆರೆ. ಬ್ರೀಜ್‌ನಲ್ಲಿ ಆಕಾಶ, ಸಮುದ್ರ, ಬಿಸಿಲು ಬಿದ್ದ ಗೋಡೆ. ಅಲ್ಲಿ ಆ ಗೆರೆ ಕರಗಿ ಹೋಗದೆ ಇನ್ನೇನಾಗುತ್ತೆ?

ಇನ್ನೊಂದು ಕಾರಣ ನಿಮ್ಮ ಲ್ಯಾಪ್‌ಟಾಪ್. ಪ್ರೊ ಆಟಗಾರರು ಸಾಮಾನ್ಯವಾಗಿ 24 ಇಂಚಿನ ಮಾನಿಟರ್ ಮುಂದೆ, ಮುಖ ಹತ್ತಿರ ಇಟ್ಟುಕೊಂಡು ಆಡುತ್ತಾರೆ. ಅದರಲ್ಲಿ 1080ಪಿ ಇದ್ದರೆ ಒಂದು ಪಿಕ್ಸೆಲ್ ಸುಮಾರು 0.28 ಮಿಲಿಮೀಟರ್. ನಿಮ್ಮ 15.6 ಇಂಚಿನ ಪರದೆಯಲ್ಲೂ ಅದೇ 1920 ಗುಣಿಸು 1080, ಆದರೆ ಒಂದು ಪಿಕ್ಸೆಲ್ 0.18 ಮಿಲಿಮೀಟರ್ ಮಾತ್ರ. ಅವರಿಗೆ ಅರ್ಧ ಮಿಲಿಮೀಟರ್ ದಪ್ಪ ಕಾಣುವ ಗೆರೆ ನಿಮಗೆ ಅದರ ಮೂರನೇ ಎರಡು ಭಾಗ. ಕೋಡ್ ಒಂದೇ ಆದರೂ ಕಣ್ಣಿಗೆ ಕಾಣುವ ಕ್ರಾಸ್‌ಹೇರ್ ಒಂದೇ ಅಲ್ಲ. ಅದೂ ಅಲ್ಲದೆ ಟೆನ್‌ಝೀ ತಮ್ಮ ಸೆಟ್ಟಿಂಗ್ ಬದಲಾಯಿಸುತ್ತಲೇ ಇರುತ್ತಾರೆ ಅಂತ ಆಟ ನೋಡುವವರಿಗೆಲ್ಲ ಗೊತ್ತು. ಹಾಗಾಗಿ 'ಅವರ ಕ್ರಾಸ್‌ಹೇರ್' ಅಂತ ಯಾವುದೋ ಒಂದನ್ನು ಹಿಡಿದುಕೊಂಡು ಕೂರುವುದರಲ್ಲಿ ಅರ್ಥ ಇಲ್ಲ.

ಈಗ ಬಣ್ಣ. ಇದನ್ನು ಜನ ಇಷ್ಟದ ಬಣ್ಣ ಅಂತ ಆರಿಸುತ್ತಾರೆ. ನೋಡಬೇಕಾದ್ದು ಎರಡೇ: ಎದುರಾಳಿಯ ಸುತ್ತ ಬರುವ ಗೆರೆಯ ಬಣ್ಣ ಯಾವುದು, ನೀವು ಜಾಸ್ತಿ ಆಡುವ ಮ್ಯಾಪ್‌ಗಳ ಹಿನ್ನೆಲೆ ಯಾವುದು. ವ್ಯಾಲೊರಂಟ್‌ನಲ್ಲಿ ಎದುರಾಳಿ ಮಾಮೂಲಿಯಾಗಿ ಕೆಂಪು ಗೆರೆಯೊಳಗೆ ಕಾಣುತ್ತಾನೆ. ನೀವೂ ಕೆಂಪು ಕ್ರಾಸ್‌ಹೇರ್ ಇಟ್ಟರೆ ಗುರಿ ತಲೆಯ ಮೇಲೆ ಬಂದ ಕ್ಷಣದಲ್ಲೇ ಎರಡೂ ಕಲಸಿ ಹೋಗುತ್ತವೆ. ಕೆಂಪು ಬಣ್ಣವೇ ಸರಿಯಾಗಿ ಕಾಣಲ್ಲ ಅನ್ನುವವರು ಸೆಟ್ಟಿಂಗ್ಸ್‌ನ ಜನರಲ್ ಟ್ಯಾಬ್‌ನಲ್ಲಿ ಎನಿಮಿ ಹೈಲೈಟ್ ಕಲರ್ ಅನ್ನು ಹಳದಿಗೋ ನೇರಳೆಗೋ ಬದಲಾಯಿಸಬಹುದು. ಬಣ್ಣಗುರುಡು ಇರುವವರಿಗೆ ಅಂತಲೇ ಇಟ್ಟ ಆಯ್ಕೆ ಅದು, ಆದರೆ ಯಾರು ಬೇಕಾದರೂ ಬಳಸಬಹುದು. ಹಾಗೆ ಹಳದಿ ಮಾಡಿಕೊಂಡರೆ ಕ್ರಾಸ್‌ಹೇರ್ ಹಳದಿ ಇರಬಾರದು, ಅಷ್ಟೇ.

ಹಿನ್ನೆಲೆ ವಿಷಯಕ್ಕೆ ಬಂದರೆ, ಐಸ್‌ಬಾಕ್ಸ್ ಮ್ಯಾಪ್‌ನಲ್ಲಿ ಹಿಮ ಇದೆ, ಬಿಳಿ ಕ್ರಾಸ್‌ಹೇರ್ ಅಲ್ಲಿ ಕೈಕೊಡುತ್ತದೆ. ವೈಪರ್ ಅನ್ನೋ ಪಾತ್ರ ಎಳೆಯುವ ವಿಷದ ಗೋಡೆ ಹಸಿರು, ಅದರ ಪಕ್ಕದಲ್ಲಿ ಇಣುಕುವಾಗ ಹಸಿರು ಗೆರೆ ಮಂಕಾಗುತ್ತದೆ. ಲೋಟಸ್ ಮ್ಯಾಪ್‌ನಲ್ಲೂ ಗಿಡ, ಬಳ್ಳಿ ಜಾಸ್ತಿ. (ಆಟದ ಕತೆ ಪ್ರಕಾರ ಲೋಟಸ್ ಇರೋದು ನಮ್ಮ ಪಶ್ಚಿಮ ಘಟ್ಟದಲ್ಲೇ, ಹಸಿರು ಇರದೆ ಇರುತ್ತಾ.) ಎಲ್ಲ ಮ್ಯಾಪ್‌ಗೂ ಹೊಂದುವ ಬಣ್ಣ ಅಂತ ಒಂದಿಲ್ಲ. ಅದಕ್ಕೇ ಔಟ್‌ಲೈನ್ ಇರೋದು. ಗೆರೆಯ ಸುತ್ತ ಒಂದು ಪಿಕ್ಸೆಲ್ ಕಪ್ಪು ಅಂಚು ಬಂದರೆ ಹಿನ್ನೆಲೆ ಯಾವುದೇ ಇರಲಿ, ಕ್ರಾಸ್‌ಹೇರ್ ಎದ್ದು ಕಾಣುತ್ತದೆ. ನಿಮಗೆ ನಾನು ಹೇಳೋದು ಸಯಾನ್ ಬಣ್ಣವೇ ಇರಲಿ, ಔಟ್‌ಲೈನ್ ಮಾತ್ರ ಆನ್ ಮಾಡಿ. ಅಂಚಿನ ದಪ್ಪ 1, ಒಪಾಸಿಟಿ (ಎಷ್ಟು ಗಾಢ ಅನ್ನೋದು) ಅರ್ಧದಿಂದ ಶುರು ಮಾಡಿ, ಸಾಲದಿದ್ದರೆ ಏರಿಸಿ. ಬ್ರೀಜ್ ತೊಂದರೆ ಇದರಲ್ಲೇ ಬಹುಪಾಲು ಮುಗಿಯುತ್ತದೆ. ಇರುವ ಬಣ್ಣ ಯಾವುದೂ ಬೇಡ ಅಂದರೆ 2022ರಿಂದ ಕಸ್ಟಮ್ ಬಣ್ಣವೂ ಇದೆ. ತೀರಾ ಗುಲಾಬಿ, ನೇರಳೆ ಮಧ್ಯದ ಬಣ್ಣಗಳು ಯಾವ ಮ್ಯಾಪ್‌ನ ಗೋಡೆಯಲ್ಲೂ ಅಷ್ಟಾಗಿ ಸಿಗಲ್ಲ, ನೋಡಲು ಚೆನ್ನಾಗಿಲ್ಲದಿದ್ದರೂ ಕೆಲಸ ಮಾಡುತ್ತವೆ.

ಡಾಟ್ ಅಥವಾ ಪ್ಲಸ್? ಇಲ್ಲಿ ಬಂದೂಕು ನೆನಪಿಟ್ಟುಕೊಳ್ಳಿ. ವ್ಯಾಂಡಲ್ ರೈಫಲ್‌ನ ಒಂದು ಹೆಡ್‌ಶಾಟ್ 160 ಡ್ಯಾಮೇಜ್, ಎಷ್ಟೇ ದೂರ ಇರಲಿ. ಹೆವಿ ಶೀಲ್ಡ್ ಹಾಕಿದವನ ಹತ್ತಿರ ಹೆಲ್ತ್, ಶೀಲ್ಡ್ ಸೇರಿ ಒಟ್ಟು ಇರೋದು 150. ಅಂದರೆ ದೂರದಲ್ಲಿ ಕಾಣುವ ಆ ಚಿಕ್ಕ ತಲೆಯನ್ನು ಒಂದೇ ಗುಂಡಲ್ಲಿ ಹೊಡೆಯೋದೇ ಆಟ. ಆ ತಲೆಯನ್ನು ನಿಮ್ಮ ಕ್ರಾಸ್‌ಹೇರ್ ಮುಚ್ಚಿಹಾಕಬಾರದು. ದಪ್ಪ ಡಾಟ್ ಇಟ್ಟರೆ ದೂರದ ತಲೆ ಅದರ ಹಿಂದೆ ಅಡಗುತ್ತದೆ, ಅವನು ಅರ್ಧ ಹೆಜ್ಜೆ ಸರಿದರೂ ಗೊತ್ತಾಗಲ್ಲ. ತೀರಾ ಸಣ್ಣ ಡಾಟ್ ಇಟ್ಟರೆ ತಲೆ ಕಾಣುತ್ತದೆ, ಆದರೆ ಮೌಸ್ ಜೋರಾಗಿ ತಿರುಗಿಸಿದಾಗ ಡಾಟ್ ಎಲ್ಲಿದೆ ಅಂತ ಕಣ್ಣು ಹುಡುಕಬೇಕಾಗುತ್ತದೆ. ಮಧ್ಯ ಖಾಲಿ ಇರುವ ಪ್ಲಸ್‌ನಲ್ಲಿ ನಾಲ್ಕು ಗೆರೆಗಳು ಕಣ್ಣನ್ನು ಮಧ್ಯಕ್ಕೆ ಎಳೆಯುತ್ತವೆ, ಖಾಲಿ ಜಾಗದಲ್ಲಿ ತಲೆ ಕಾಣುತ್ತದೆ. ಚಿಕ್ಕ ಪರದೆಗೆ ನನ್ನ ಮತ ಪ್ಲಸ್‌ಗೇ.

ಆಟದಲ್ಲಿ ಮೊದಲೇ ಇರುವ ಬಿಳಿ ಕ್ರಾಸ್‌ಹೇರ್‌ನಲ್ಲಿ ಒಳಗೆರೆ ಉದ್ದ 6, ದಪ್ಪ 2, ಆಫ್‌ಸೆಟ್ (ಮಧ್ಯದಿಂದ ಗೆರೆಗೆ ಇರುವ ದೂರ) 3. ಅದರ ಹೊರಗೆ ಮಸುಕಾದ ಇನ್ನೊಂದು ಸುತ್ತು. ಅಷ್ಟು ದೊಡ್ಡದು ಬೇಕಿಲ್ಲ. ಔಟರ್ ಲೈನ್ಸ್ ಆಫ್ ಮಾಡಿ, ಸೆಂಟರ್ ಡಾಟ್ ಆಫ್ ಮಾಡಿ, ಇನ್ನರ್ ಲೈನ್ಸ್‌ನಲ್ಲಿ ಒಪಾಸಿಟಿ 1, ಉದ್ದ 4, ದಪ್ಪ 2, ಆಫ್‌ಸೆಟ್ 2 ಇಡಿ. ಈ ಗೆರೆಗಳ ದಪ್ಪ ಮಾತ್ರ 1 ಅಥವಾ 3 ಮಾಡಬೇಡಿ. ಪರದೆಯ ಅಗಲ 1920 ಪಿಕ್ಸೆಲ್, ಅದರ ನಡುಮಧ್ಯ ಬರೋದು 960 ಮತ್ತು 961ನೇ ಪಿಕ್ಸೆಲ್‌ಗಳ ಸಂಧಿಯಲ್ಲಿ. ದಪ್ಪ 2 ಇದ್ದರೆ ಆಚೆ ಒಂದು, ಈಚೆ ಒಂದು ಸಮ ಕೂರುತ್ತದೆ. ಬೆಸ ಸಂಖ್ಯೆ ಇಟ್ಟರೆ ಯಾವುದಾದರೂ ಒಂದು ಕಡೆ ವಾಲಲೇಬೇಕು. ಅದರಿಂದ ಗುರಿ ತಪ್ಪುತ್ತೆ ಅಂತಲ್ಲ. ಆದರೆ ಒಂದು ಸಲ ಕಣ್ಣಿಗೆ ಬಿದ್ದರೆ ಆಮೇಲೆ ಅದೇ ಕಾಣುತ್ತಿರುತ್ತದೆ, ಕಿರಿಕಿರಿ. ಸ್ಟ್ರೆಚ್ಡ್ ರೆಸಲ್ಯೂಷನ್‌ನಲ್ಲಿ (ಚಿತ್ರವನ್ನು ಅಡ್ಡಕ್ಕೆ ಎಳೆದು ಹಿಗ್ಗಿಸಿ) ಆಡಿದರೆ ನಿಂತ ಗೆರೆಗಳು ಅಡ್ಡಗೆರೆಗಿಂತ ದಪ್ಪ ಕಾಣುತ್ತವೆ, ಅದೂ ಗೊತ್ತಿರಲಿ.

ಸ್ಪ್ರೇ ವಿಷಯದಲ್ಲಿ ನೀವು ಕ್ರಾಸ್‌ಹೇರ್ ಮೇಲೆ ತಪ್ಪು ಹೊರಿಸಿದ್ದೀರಿ. ಅದರ ತಪ್ಪೇನೂ ಇಲ್ಲ. ನೀವು ಟ್ರಿಗರ್ ಹಿಡಿದುಕೊಂಡೇ ಇದ್ದರೆ ಬಂದೂಕು ಮೇಲಕ್ಕೆ ಒದೆಯುತ್ತದೆ, ಗುಂಡುಗಳು ಕ್ರಾಸ್‌ಹೇರ್‌ಗಿಂತ ಮೇಲೆ ಬೀಳುತ್ತವೆ, ಆಮೇಲೆ ಎಡ, ಬಲ ಓಲಾಡುತ್ತವೆ. ಪರದೆಯ ಮಧ್ಯದ ಗುರುತು ಮಾತ್ರ ಅಲ್ಲೇ ನಿಂತಿರುತ್ತದೆ. ಮೊದಲ ಗುಂಡು ಎಲ್ಲಿಗೆ ಅಂತ ಅದು ಹೇಳುತ್ತದೆ, ಹತ್ತನೇ ಗುಂಡು ಎಲ್ಲಿಗೆ ಅಂತ ಹೇಳಲ್ಲ. ರೇಂಜ್‌ಗೆ (ಆಟದೊಳಗಿನ ಅಭ್ಯಾಸದ ಜಾಗ) ಹೋಗಿ ಒಂದು ಗೋಡೆಗೆ ವ್ಯಾಂಡಲ್‌ನ ಪೂರ್ತಿ 25 ಗುಂಡು ಮೌಸ್ ಅಲ್ಲಾಡಿಸದೆ ಹೊಡೆಯಿರಿ, ತೂತುಗಳ ಸಾಲು ನೋಡಿ. ಆಮೇಲೆ ಮೌಸ್ ಕೆಳಗೆ ಎಳೆಯುತ್ತಾ ಇನ್ನೊಂದು ಸಲ ಹೊಡೆಯಿರಿ. ಎಷ್ಟು ಎಳೆಯಬೇಕು ಅಂತ ಕೈಗೇ ಗೊತ್ತಾಗುತ್ತದೆ.

ಇಲ್ಲಿ ಎರಡು ಸೆಟ್ಟಿಂಗ್ ಇವೆ, ಎಲ್ಲರೂ ಕಣ್ಣು ಮುಚ್ಚಿ ಆಫ್ ಮಾಡುತ್ತಾರೆ: ಮೂವ್‌ಮೆಂಟ್ ಎರರ್, ಫೈರಿಂಗ್ ಎರರ್. ಮೊದಲನೆಯದು ಆನ್ ಇದ್ದರೆ ನೀವು ಓಡುವಾಗ ಗೆರೆಗಳು ದೂರ ಸರಿಯುತ್ತವೆ, ನಿಂತಾಗ ಕೂಡಿಕೊಳ್ಳುತ್ತವೆ. ಎರಡನೆಯದು ಗುಂಡು ಹಾರಿಸುತ್ತಾ ಹೋದಂತೆ ಗೆರೆಗಳನ್ನು ಅಗಲ ಮಾಡುತ್ತದೆ. ಪ್ರೊ ಆಟಗಾರರಲ್ಲಿ ಬಹಳ ಜನ ಇವನ್ನು ಆಫ್ ಇಡೋದು ನಿಜ. ನಿಂತಾಗ ಮಾತ್ರ ಹೊಡೆಯೋದು ಅವರಿಗೆ ಅಭ್ಯಾಸ ಆಗಿಹೋಗಿದೆ, ಗೆರೆ ನೋಡಿ ತಿಳಿಯಬೇಕಾಗಿಲ್ಲ. ನೀವು ಆಡಲು ಶುರು ಮಾಡಿ ಸ್ವಲ್ಪ ದಿನ ಆಯ್ತು ಅಂದಿದ್ದೀರಿ. ನಿಮಗೆ ಓಡುತ್ತಾ ಹೊಡೆಯುವ ಚಟ ಇದ್ದರೆ ಮೂವ್‌ಮೆಂಟ್ ಎರರ್ ಆನ್ ಮಾಡಿ ಕೆಲವು ದಿನ ಆಡಿ. ಬಲಕ್ಕೆ ಓಡುತ್ತಿರುವಾಗ ಎಡ ಕೀ ಒತ್ತಿ ನಿಲ್ಲುತ್ತೀರಲ್ಲ, ಆಗ ಗೆರೆಗಳು ಯಾವ ಕ್ಷಣದಲ್ಲಿ ಕೂಡಿಕೊಂಡವು ಅಂತ ಗಮನಿಸಿ. ಗುಂಡು ಹೊರಡಬೇಕಾದ್ದು ಆಗ. ನೀವು ಅಂದುಕೊಂಡಿದ್ದಕ್ಕಿಂತ ಬೇಗ ಹೊಡೆಯುತ್ತಿದ್ದಿರಿ ಅಂತ ಗೊತ್ತಾದರೆ ಅರ್ಧ ಕೆಲಸ ಆಯ್ತು. ಅಭ್ಯಾಸ ಆದ್ಮೇಲೆ ಆಫ್ ಮಾಡಿ, ಯಾಕೆಂದರೆ ಕುಣಿಯುವ ಗೆರೆಗಳು ಕಣ್ಣನ್ನು ಎದುರಾಳಿಯಿಂದ ತಮ್ಮ ಕಡೆಗೆ ಸೆಳೆಯುತ್ತವೆ. ಫೈರಿಂಗ್ ಎರರ್ ನನಗೆ ಅಷ್ಟು ಇಷ್ಟವಿಲ್ಲ. ಎರಡು, ಮೂರು ಗುಂಡಿನ ಬರ್ಸ್ಟ್ ಕಲಿತರೆ ಅದರ ಅಗತ್ಯ ಬೀಳಲ್ಲ.

ಎಡಿಎಸ್ ಟ್ಯಾಬ್ (ಬಂದೂಕಿನ ಸೈಟ್ ಮೂಲಕ ನೋಡಿ ಹೊಡೆಯುವಾಗಿನ ಕ್ರಾಸ್‌ಹೇರ್) ಅನ್ನು ಪ್ರೈಮರಿ, ಅಂದರೆ ಮಾಮೂಲಿ ಕ್ರಾಸ್‌ಹೇರ್ ಥರವೇ ಬಿಡಿ. ಸ್ನೈಪರ್ ಸ್ಕೋಪ್ ಟ್ಯಾಬ್‌ನಲ್ಲಿ ಇರೋದು ಮಧ್ಯದ ಚುಕ್ಕೆ ಒಂದೇ, ಆಪರೇಟರ್ ಅನ್ನೋ ಸ್ನೈಪರ್ ಬಂದೂಕು ಕೊಳ್ಳುವ ಅಭ್ಯಾಸ ಇದ್ದರೆ ಅದರ ಬಣ್ಣ ಮಾತ್ರ ನೋಡಿಕೊಳ್ಳಿ.

ಪರೀಕ್ಷೆ ಮಾಡುವಾಗ ಸೆಟ್ಟಿಂಗ್ಸ್ ಪುಟದ ಆ ಚಿಕ್ಕ ಚಿತ್ರ ನೋಡಿ ತೀರ್ಮಾನ ಮಾಡಬೇಡಿ, ಅಲ್ಲಿ ಎಲ್ಲವೂ ಚೆನ್ನಾಗೇ ಕಾಣುತ್ತದೆ. ಕಸ್ಟಮ್ ಗೇಮ್ ತೆರೆದು ಒಬ್ಬರೇ ಬ್ರೀಜ್‌ಗೆ ಹೋಗಿ, ಆಕಾಶದ ಕಡೆ, ಮರಳಿನ ಕಡೆ, ನೆರಳಿನ ಬಾಗಿಲ ಕಡೆ ಗುರಿ ಇಟ್ಟು ನೋಡಿ. ಆಮೇಲೆ ಡೆತ್‌ಮ್ಯಾಚ್ ಆಡಿ. ಎಲ್ಲರೂ ಎಲ್ಲರ ವಿರುದ್ಧ, 40 ಕಿಲ್‌ವರೆಗೆ ಓಟ, ಅಲ್ಲಿ ಕ್ರಾಸ್‌ಹೇರ್ ಹುಡುಕುವಷ್ಟು ಪುರುಸೊತ್ತು ಇರಲ್ಲ. ಎಲ್ಲಾದರೂ ಹುಡುಕುವ ಹಾಗಾದರೆ ಒಂದು ಸಂಖ್ಯೆ ಮಾತ್ರ ಬದಲಾಯಿಸಿ. ಬಣ್ಣ, ಉದ್ದ, ಆಫ್‌ಸೆಟ್ ಮೂರನ್ನೂ ಒಟ್ಟಿಗೆ ತಿರುಗಿಸಿದರೆ ಯಾವುದರಿಂದ ಸರಿಹೋಯಿತು ಅಂತ ಗೊತ್ತಾಗಲ್ಲ. ಸೋತ ಪಂದ್ಯದ ಸಿಟ್ಟಲ್ಲಂತೂ ಮುಟ್ಟಲೇಬೇಡಿ. ಹೊಸದನ್ನು ಪ್ರೊಫೈಲ್ ಆಗಿ ಬೇರೆ ಹೆಸರಲ್ಲಿ ಉಳಿಸಿ, ಹಳೆಯದು ಹಾಗೇ ಇರಲಿ. ಸತ್ತು ಕೂತಾಗ ತಂಡದ ಯಾರದ್ದೋ ಕ್ರಾಸ್‌ಹೇರ್ ಚೆನ್ನಾಗಿ ಕಂಡರೆ ಕೋಡ್ ಕೇಳುವ ಅಗತ್ಯ ಇಲ್ಲ. ಅವರನ್ನು ನೋಡುತ್ತಿರುವಾಗಲೇ ಚಾಟ್‌ನಲ್ಲಿ ಸ್ಲ್ಯಾಶ್ ಹಾಕಿ 'ಸಿ' ಅಕ್ಷರ ಎರಡು ಸಲ ಹೊಡೆದರೆ ಅದು ನಿಮ್ಮ ಪ್ರೊಫೈಲ್‌ಗಳ ಸಾಲಿಗೆ ಬಂದು ಕೂರುತ್ತದೆ. ಪರದೆ ಮೇಲೆ ಕ್ರಾಸ್‌ಹೇರ್ ತೋರಿಸುವ ಹೊರಗಿನ ಆಪ್‌ಗಳನ್ನು ಮಾತ್ರ ಹಾಕಬೇಡಿ. ಮೋಸ ಹಿಡಿಯುವ ವ್ಯಾನ್‌ಗಾರ್ಡ್ ಸಾಫ್ಟ್‌ವೇರ್ ಇರುವ ಆಟ ಇದು, ಸುಮ್ನೆ ಇಲ್ಲದ ತಲೆನೋವು ಯಾಕೆ.

ಇನ್ನು ಗೆಳೆಯನ ಸಿಎಸ್2 ಕ್ರಾಸ್‌ಹೇರ್. ಅದಕ್ಕೂ ಶೇರ್ ಕೋಡ್ ಇದೆ, ಆದರೆ ಅದು ಆ ಆಟಕ್ಕೆ ಮಾತ್ರ, ಇಲ್ಲಿ ಪೇಸ್ಟ್ ಮಾಡಿದರೆ ತಗೊಳ್ಳಲ್ಲ. ಸಂಖ್ಯೆಗಳನ್ನು ಹಾಗೇ ಬರೆದುಕೊಂಡರೂ ಹೊಂದಲ್ಲ, ಅಲ್ಲಿ ಗ್ಯಾಪ್ ಮೈನಸ್‌ಗೂ ಹೋಗುತ್ತದೆ, ಅಳತೆಯೇ ಬೇರೆ. ಬೇಕೇ ಬೇಕು ಅಂದರೆ ಅವನ ಆಟದ ಸ್ಕ್ರೀನ್‌ಶಾಟ್ ತರಿಸಿಕೊಂಡು, ಪೂರ್ತಿ ದೊಡ್ಡದು ಮಾಡಿ, ಗೆರೆಯ ಪಿಕ್ಸೆಲ್ ಎಣಿಸಿ ಇಲ್ಲಿ ಅಷ್ಟೇ ಇಡಿ. ಒಂದು ಮಾತ್ರ ಇಲ್ಲಿಗೆ ಬರಲ್ಲ: ಸಿಎಸ್2ನಲ್ಲಿ ಫಾಲೋ ರಿಕಾಯಿಲ್ ಅಂತ ಇದೆ, ಅದನ್ನು ಆನ್ ಮಾಡಿದರೆ ಸ್ಪ್ರೇ ಮಾಡುವಾಗ ಕ್ರಾಸ್‌ಹೇರೇ ಗುಂಡಿನ ಹಿಂದೆ ಮೇಲಕ್ಕೆ ಹೋಗುತ್ತದೆ. ನಿಮ್ಮ ಗೆಳೆಯ "ನನ್ನ ಗುಂಡು ಕ್ರಾಸ್‌ಹೇರ್ ಇದ್ದಲ್ಲೇ ಬೀಳುತ್ತೆ" ಅಂತ ಹೇಳಿದ್ದರೆ ಅದು ಇದೇ ಇರಬೇಕು, ಕೇಳಿ ನೋಡಿ.