ನಮ್ಮ ಮನೆ ಸುತ್ತ ಚಿರತೆ ಓಡಾಡುತ್ತಿದೆ. ಬೋನು ಇಡಿಸಿ ದೂರದ ಕಾಡಿಗೆ ಬಿಡಿಸಲು ಏನು ಮಾಡಬೇಕು?

ನಾನೂ ಬೋನಿಗಾಗಿ ಅಲೆದವನೇ. ಅದಕ್ಕೇ ಹೇಳ್ತೀನಿ, ಬೋನು ಆಮೇಲೆ, ಮೊದಲು ನಿಮ್ಮ ಹಿತ್ತಿಲು ನೋಡಿಕೊಳ್ಳಿ.

ಒಂದು ಬೆಳಿಗ್ಗೆ ಒದ್ದೆ ಮಣ್ಣಲ್ಲಿ ಹೆಜ್ಜೆ ಕಂಡಿತು. ನಾಯಿಯದ್ದಿರಬೇಕು ಅಂತ ಬಗ್ಗಿ ನೋಡಿದರೆ ಉಗುರಿನ ಗುರುತೇ ಇಲ್ಲ. ನಾಯಿ ನಡೆದಲ್ಲಿ ಉಗುರು ಊರಿರುತ್ತೆ, ಚಿರತೆ ಉಗುರನ್ನು ಒಳಗೆಳೆದುಕೊಂಡು ನಡೆಯುತ್ತೆ. ಅವತ್ತಿಂದ ನಿದ್ದೆ ಹೋಯಿತು. ಅರ್ಜಿ ಬರೆದೆ, ಅಕ್ಕಪಕ್ಕದವರ ಸಹಿ ಹಾಕಿಸಿದೆ, ದಿನಾ ಫೋನ್ ಮಾಡಿ ಪೀಡಿಸಿದೆ. ಬೋನು ಬಂತು, ಚಿರತೆ ಬಿತ್ತು, ಲಾರಿ ಹತ್ತಿ ಹೋಯಿತು. ಮೂರೇ ತಿಂಗಳು. ಅದೇ ಜಾಗದಲ್ಲಿ ಮತ್ತೆ ಹೆಜ್ಜೆ, ಈ ಸಲ ತುಸು ಚಿಕ್ಕದು. ಆ ರಾತ್ರಿ ನಮ್ಮ ನಾಯಿ ಹೋಯಿತು. ಗೂಟದಲ್ಲಿ ಸರಪಳಿ ಮಾತ್ರ ಇತ್ತು.

ತಪ್ಪು ನನ್ನದೇ, ಒಂದು ಬಕೆಟ್‌ನದು. ದಿನಾ ರಾತ್ರಿ ಉಳಿದ ಊಟ, ಮಾಂಸದ ಚೂರು ಎಲ್ಲ ಅದಕ್ಕೆ ತುಂಬಿ ಬೇಲಿಯಾಚೆ ಸುರಿಯುತ್ತಿದ್ದೆ. ಪುಣ್ಯದ ಕೆಲಸ ಅಂತಲೇ ಅಂದುಕೊಂಡಿದ್ದೆ. ಅದಕ್ಕೆ ಬೀದಿನಾಯಿ ಸೇರಿದವು, ನಾಯಿಗಳಿಗೆ ಚಿರತೆ ಬಂತು. ನಾನು ಬಡಿಸುತ್ತಿದ್ದದ್ದು ನಾಯಿಗಳಿಗಲ್ಲ, ಅದಕ್ಕೆ. ಒಂದನ್ನು ಸಾಗಿಸಿದರೂ ಬಡಿಸುವ ಕೈ ಅಲ್ಲೇ ಇತ್ತಲ್ಲ! ಚಿರತೆ ತನ್ನದೇ ಸರಹದ್ದು ಕಟ್ಟಿಕೊಂಡು ಬದುಕುವ ಪ್ರಾಣಿ. ಜಾಗ ಖಾಲಿಯಾದರೆ ಇನ್ನೊಂದು ಬಂದು ಕೂರುತ್ತೆ. ಸಾಲದ್ದಕ್ಕೆ ನಮ್ಮ ನಾಯಿಯನ್ನು ಹೊರಗೆ ಕಟ್ಟಿ, ಓಡುವ ದಾರಿಯನ್ನೂ ತಪ್ಪಿಸಿದ್ದೆ.

ದೂರ ಬಿಟ್ಟರೆ ಪೀಡೆ ಕಳೆಯುತ್ತೆ ಅನ್ನೋದೂ ಸುಳ್ಳು. ಮಹಾರಾಷ್ಟ್ರದ ಜುನ್ನರ್‌ನಲ್ಲಿ 2001ರಿಂದ ಹೀಗೆ ಹಿಡಿಹಿಡಿದು ಬೇರೆಡೆ ಬಿಟ್ಟರು. ಮನುಷ್ಯರ ಮೇಲಿನ ದಾಳಿ ವರ್ಷಕ್ಕೆ ಸರಾಸರಿ 4 ಇದ್ದದ್ದು 17ಕ್ಕೆ ಏರಿತು. ಗುರುತಿಲ್ಲದ ಜಾಗದಲ್ಲಿ ಗಾಬರಿಬಿದ್ದ ಪ್ರಾಣಿ ಯಾರ ಮನೆ ಹಿತ್ತಿಲಿಗೆ ನುಗ್ಗುತ್ತೋ ಯಾರಿಗೆ ಗೊತ್ತು?

ಆ ಬಕೆಟ್ ಎಸೆದೆ. ಕುರಿ, ಕೋಳಿ, ನಾಯಿ ಎಲ್ಲಕ್ಕೂ ರಾತ್ರಿ ಬಾಗಿಲಿರುವ ಕೊಟ್ಟಿಗೆ, ಮೇಲೆ ಗಟ್ಟಿ ಚಾವಣಿ. ಬರೀ ಗೋಡೆ ಸಾಲದು, ಅದು ಹತ್ತಿ ಇಳಿಯುತ್ತೆ. ಕತ್ತಲಾದ ಮೇಲೆ ಮಕ್ಕಳನ್ನು ಒಂಟಿಯಾಗಿ ಹೊರಗೆ ಬಿಡಲ್ಲ, ನಾವು ಹೋದರೂ ಟಾರ್ಚ್ ಹಿಡಿದು ಜೋರಾಗಿ ಮಾತಾಡುತ್ತಾ ಹೋಗ್ತೀವಿ. ಹೆಜ್ಜೆ ಈಗಲೂ ಆಗಾಗ ಕಾಣುತ್ತೆ, ಬೇಲಿಯಾಚೆ, ನೇರ ಹೋಗಿರುತ್ತೆ.

ನಿಮ್ಮಲ್ಲಿ ಮನುಷ್ಯರ ಮೇಲೆ ಎರಗಿದ್ದರೆ ಮಾತ್ರ ನನ್ನ ಕಥೆ ಓದುತ್ತಾ ಕೂರಬೇಡಿ, ಈಗಲೇ ಅರಣ್ಯ ಇಲಾಖೆಗೆ ಫೋನ್ ಮಾಡಿ. ಕೋಲು ಹಿಡಿದು ಗುಂಪು ಕಟ್ಟಿಕೊಂಡು ಹುಡುಕಲು ಹೋಗಬೇಡಿ.