ಸ್ವಿಫ್ಟ್ ಗೇರ್‌ಬಾಕ್ಸ್‌ಗೆ ಜಿಎಲ್-5 ಆಯಿಲ್ ಹಾಕಬಹುದಾ?

2013ರ ಸ್ವಿಫ್ಟ್, ಬೆಳಿಗ್ಗೆ ಸೆಕೆಂಡ್ ಗೇರ್ ಬೀಳೋದು ಕಷ್ಟ, ಅಂಗಡಿಯವರು ಜಿಎಲ್-4 ಇಲ್ಲ ಅಂತ 80ಡಬ್ಲ್ಯು-90 ಜಿಎಲ್-5 ಕೊಟ್ಟಿದ್ದಾರೆ, ಹಾಕಿಸಲಾ ಅಂತ ಕೇಳಿದ್ದೀರಿ. ದಯವಿಟ್ಟು ಹಾಕಿಸಬೇಡಿ. ಡಬ್ಬಿಯ ಸೀಲ್ ಒಡೆದಿಲ್ಲ ಅಂದರೆ ವಾಪಸ್ ಕೊಟ್ಟು ಬನ್ನಿ.

ಜಿಎಲ್ ಅಂದರೆ ಗೇರ್ ಆಯಿಲ್‌ನ ದರ್ಜೆ, ಹಾಗಾಗಿ 4ಕ್ಕಿಂತ 5 ಒಳ್ಳೇದು ಅಂತ ಅನ್ನಿಸೋದು ಸಹಜ. ಆದರೆ ಎರಡೂ ಬೇರೆ ಬೇರೆ ಕೆಲಸಕ್ಕೆ ಮಾಡಿದ ಆಯಿಲ್. ಓಮ್ನಿ, ಬೊಲೆರೊ ಹಿಂದೆ ಬಗ್ಗಿ ನೋಡಿ, ಆಕ್ಸಲ್ ಮಧ್ಯೆ ಗುಂಡಗೆ ಉಬ್ಬಿರುತ್ತದಲ್ಲ, ಆ ಡಿಫರೆನ್ಶಿಯಲ್‌ಗೆ ಜಿಎಲ್-5 ಬೇಕು. ಅಲ್ಲಿ ಕ್ರೌನ್, ಪಿನಿಯನ್ ಅನ್ನೋ ಎರಡು ಗೇರ್‌ಗಳ ಹಲ್ಲುಗಳು ಭಾರೀ ಒತ್ತಡದಲ್ಲಿ ಒಂದರ ಮೇಲೊಂದು ಜಾರುತ್ತವೆ. ಹಲ್ಲು ಸವೆಯದಿರಲಿ ಅಂತ ಗಂಧಕ, ರಂಜಕ ಇರುವ ರಾಸಾಯನಿಕವನ್ನು ಜಿಎಲ್-4ರ ಸುಮಾರು ಎರಡರಷ್ಟು ಸೇರಿಸಿರುತ್ತಾರೆ. ನಿಮ್ಮದು ಮುಂದಿನ ಚಕ್ರ ಎಳೆಯುವ ಕಾರು. ಅದರಲ್ಲಿ ಅಂಥ ಹಲ್ಲುಗಳೇ ಇಲ್ಲ.

ಇರೋದು ಸಿಂಕ್ರೊನೈಸರ್ ರಿಂಗ್. ಹೆಚ್ಚಾಗಿ ಹಿತ್ತಾಳೆಯದು. ಗೇರ್ ಬೀಳುವ ಮುಂಚೆ ಈ ರಿಂಗ್ ಗೇರಿಗೆ ಒತ್ತಿಕೊಂಡು, ಸಣ್ಣ ಬ್ರೇಕ್ ಥರ ಉಜ್ಜಿ, ಎರಡರ ವೇಗ ಒಂದು ಮಾಡಬೇಕು. ಅಲ್ಲಿ ಹಿಡಿತ ಬೇಕು, ಜಾರಿಕೆ ಅಲ್ಲ. ಜಿಎಲ್-5 ಹಾಕಿದರೆ ರಿಂಗ್ ಜಾರುತ್ತದೆ, ಗೇರ್ ಕರ್ ಅನ್ನುತ್ತದೆ. ಗಂಧಕ ಹಿತ್ತಾಳೆಯನ್ನು ನಿಧಾನವಾಗಿ ತಿನ್ನಲೂಬಹುದು. ನನ್ನ ಹಳೇ ಕಾರಿಗೆ ಒಂದು ಗ್ಯಾರೇಜಿನಲ್ಲಿ ಇದನ್ನೇ ಹಾಕಿದ್ದರು. ಚಾರ್ಮಾಡಿ ಘಾಟಿ ಇಳಿಯುವಾಗ ಮೂರರಿಂದ ಎರಡಕ್ಕೆ ಬರೋಕೆ ಪ್ರತಿ ತಿರುವಿನಲ್ಲೂ ಒದ್ದಾಡಿದೆ. ಊರಿಗೆ ಬಂದು ಜಿಎಲ್-4 ಹಾಕಿಸಿದ ಮೇಲೆ ಸರಿಹೋಯಿತು. ರಿಂಗ್ ಪೂರ್ತಿ ಸವೆದಿರಲಿಲ್ಲ, ಪುಣ್ಯ.

ಇನ್ನು ದಪ್ಪದ ಮಾತು. ಡಬ್ಲ್ಯುಗೆ ಮುಂಚೆ ಬರುವ ಅಂಕಿ ಚಳಿಯದ್ದು, ಆಮೇಲೆ ಬರೋದು ಬಿಸಿಯದ್ದು. 75ಡಬ್ಲ್ಯು ಆಯಿಲ್ ಚಳಿಯಲ್ಲಿ 80ಡಬ್ಲ್ಯುಗಿಂತ ಸಲೀಸಾಗಿ ಹರಿಯುತ್ತದೆ. ಬೆಳಿಗ್ಗೆ ಮಾತ್ರ ಗೇರ್ ಬಿಗಿ ಅಂದರೆ ಇದು ಮುಖ್ಯ. 90 ಅಂದ ತಕ್ಷಣ ತುಂಬಾ ದಪ್ಪ ಅಂತಲೂ ಹೆದರಬೇಡಿ. ಇಂಜಿನ್ ಆಯಿಲ್‌ನ ಅಳತೆಯೇ ಬೇರೆ. ಬಿಸಿಯಾದಾಗ ಗೇರ್ ಆಯಿಲ್‌ನ 90, ಇಂಜಿನ್ ಆಯಿಲ್‌ನ 40 ಹತ್ತಿರ ಹತ್ತಿರ ಒಂದೇ. ಯಾವ ಗ್ರೇಡ್, ಎಷ್ಟು ಲೀಟರ್ ಅನ್ನೋದನ್ನು ಕಾರಿನ ಜೊತೆ ಬಂದ ಪುಸ್ತಕದಲ್ಲಿ ನೋಡಿ ಅದನ್ನೇ ತನ್ನಿ. ನನ್ನ ಮಾತಿಗಿಂತ ಅದು ದೊಡ್ಡದು. ಹೋಂಡಾದವರು ತಮ್ಮದೇ ಎಂಟಿಎಫ್ (ಮ್ಯಾನುಯಲ್ ಗೇರ್‌ಬಾಕ್ಸ್ ಆಯಿಲ್) ಕೇಳುತ್ತಾರೆ, ಕೆಲವು ಗೇರ್‌ಬಾಕ್ಸ್‌ಗೆ ಎಟಿಎಫ್ (ಆಟೋಮ್ಯಾಟಿಕ್ ಗೇರ್‌ಬಾಕ್ಸ್ ಆಯಿಲ್) ಬೇಕು.

ಬದಲಾಯಿಸುವಾಗ ಗಾಡಿ ಸ್ವಲ್ಪ ಓಡಿಸಿ ಬೆಚ್ಚಗಾಗಿರಲಿ. ಮೊದಲು ತುಂಬಿಸುವ ಬೋಲ್ಟ್ ತೆಗೆಸಿ, ಆಮೇಲೆ ಕೆಳಗಿನದ್ದು. ಮೇಲಿನದ್ದು ತುಕ್ಕು ಹಿಡಿದು ಬರದೇ ಹೋದರೆ, ಆಯಿಲ್ ಖಾಲಿಯಾದ ಗಾಡಿ ಅಲ್ಲೇ ನಿಲ್ಲಬೇಕಾಗುತ್ತದೆ.

ಇಷ್ಟಕ್ಕೂ ಮೊದಲು ಒಂದು ಪರೀಕ್ಷೆ ಮಾಡಿ. ಇಂಜಿನ್ ಆಫ್ ಮಾಡಿ ಎಲ್ಲಾ ಗೇರ್ ಹಾಕಿ ನೋಡಿ. ಆಫ್ ಇದ್ದಾಗ ಸಲೀಸು, ಆನ್ ಮಾಡಿದರೆ ಎಲ್ಲಾ ಗೇರೂ ಬಿಗಿ ಅಂದರೆ ಕ್ಲಚ್ ಪೂರ್ತಿ ಬಿಡುತ್ತಿಲ್ಲ ಅಂತ ಅನುಮಾನ. ಆಗ ಮೊದಲು ಕ್ಲಚ್ ತೋರಿಸಿ.